ಇಪ್ಪತ್ತು ಫ್ರೇಮ್ ಹಿಂದೆ

ಮೂರು ತಿಂಗಳು ಬರೀ ದನಿಯಾಗಿದ್ದ ಸುಧನ್ವ ಬ್ಲ್ಯಾಕ್‌ಟೌನಿನ ಸ್ಟುಡಿಯೋ ಬಾಗಿಲು ತೆರೆದ.

"ಫ್ಲೈಟ್ ಲೇಟಾಯ್ತಾ?"

"ಇಲ್ಲ. ನೀವು ಇಷ್ಟು ಉದ್ದ ಇದೀರ ಅಂತ ಫೋನಲ್ಲಿ ಗೊತ್ತೇ ಆಗಲ್ಲ ರೀ," ಎಂದಳು ಗಗನಾ. ಫೈಲನ್ನು ಮೆಲ್ಬರ್ನಿನಿಂದಲೇ ಕಳಿಸಬಹುದಿತ್ತು. ಆದರೂ ಹಾರ್ಡ್‌ಡಿಸ್ಕ್ ಹಿಡಿದು ವಿಮಾನ ಹತ್ತಿದ್ದಳು.

ಇಬ್ಬರೂ ರಿಪೇರಿ ಮಾಡುತ್ತಿದ್ದುದು 1930ರ ಒಂದು ಜರ್ಮನ್ ಟಾಕಿಯನ್ನು. ಒಂಬತ್ತೇ ನಿಮಿಷ, ಟೋಪಿ ಅಂಗಡಿಯ ಹುಡುಗಿ, ಟೋಪಿ ಬೇಡದ ಗಿರಾಕಿ. ಚಿತ್ರದ ಕೆಲಸ ಅವನಿಗೆ, ಧ್ವನಿಯ ಕೆಲಸ ಅವಳಿಗೆ. ಅದನ್ನು ತೆಗೆದವರೂ ಹೀಗೇ ಇದ್ದರಂತೆ: ಯಂತ್ರದ ಗರಗರ ಮೈಕಿಗೆ ತಾಗದಿರಲೆಂದು ಕ್ಯಾಮೆರಾದವನು ಮುಚ್ಚಿದ ಪೆಟ್ಟಿಗೆಯೊಳಗೆ ಬೆವರುತ್ತ, ಧ್ವನಿಯವನು ಪಕ್ಕದ ಕೋಣೆಯಲ್ಲಿ. ಒಬ್ಬನಿಗೆ ಕೇಳಿಸದು, ಇನ್ನೊಬ್ಬನಿಗೆ ಕಾಣದು.

ಕೊನೆಗೆ ಹುಡುಗಿ ತಿರುಗಿ ನಗುವುದು ಯಾರನ್ನು ನೋಡಿ? ಕ್ಯಾಮೆರಾದವನನ್ನು ಎಂದು ಸುಧನ್ವ, ಧ್ವನಿಯವನನ್ನು ಎಂದು ಗಗನಾ, ದಿನಾ ಸಂಜೆ ಫೋನಿನಲ್ಲಿ ವಾದಿಸಿದ್ದರು. ತೀರ್ಮಾನವಾಗುವಂತಿರಲಿಲ್ಲ, ತುಟಿಗೂ ಮಾತಿಗೂ ತಾಳೆಯಾಗುತ್ತಿರಲಿಲ್ಲ.

ಅವನು ಕಾಫಿ ತರಲು ಹೋದಾಗ ಅವಳು ಪರದೆಯ ಮೇಲಿದ್ದ ಅವನ ಟಿಪ್ಪಣಿ ಓದಿದಳು. ಚಿತ್ರವೂ ಧ್ವನಿಯೂ ಒಂದೇ ಪಟ್ಟಿಯಲ್ಲಿರುವ ಅಂಥ ಫಿಲ್ಮಿನಲ್ಲಿ ಧ್ವನಿ ಚಿತ್ರಕ್ಕಿಂತ ಇಪ್ಪತ್ತು ಫ್ರೇಮ್ ಮುಂದಿರುತ್ತದೆ. ಯಾರಾದರೊಬ್ಬರು ಅದನ್ನು ಹಿಂದಕ್ಕೆ ಸರಿಸಬೇಕು. ಮರ್ಯಾದಸ್ಥರು, ಇಬ್ಬರೂ ಸರಿಸಿದ್ದರು; ಧ್ವನಿ ಈಗ ಇಪ್ಪತ್ತು ಫ್ರೇಮ್ ಹಿಂದೆ ಬಿದ್ದಿತ್ತು. ಟಿಪ್ಪಣಿ ಮೂರು ವಾರ ಹಳೆಯದು.

"ಇದು ನಿಮಗೆ ಗೊತ್ತಿತ್ತಾ?"

ವಾಪಸ್ ಬಂದವನ ಕೈಯ ಕಾಫಿ ಕಪ್ಪು ಅರ್ಧ ದಾರಿಯಲ್ಲೇ ನಿಂತಿತು. "ಹೂಂ."

"ನನ್ನ ಕಿವಿ ಕೆಟ್ಟಿದೆ ಅಂದ್ಕೊಂಡು ಡಾಕ್ಟರ್ ಹತ್ರ ಹೋಗಿದ್ದೆ ರೀ! ಬೀಪ್ ಕೇಳಿದಾಗೆಲ್ಲ ಬಟನ್ ಒತ್ತಿದೀನಿ, ಸ್ಕೂಲ್ ಹುಡುಗಿ ಥರ. ಕಿವಿ ಹೋದ್ರೆ ನಂಗಿನ್ನೇನು ಕೆಲಸ?"

"ಸಾರಿ... ಸರಿಯಾಗಿಬಿಟ್ರೆ ನೀವು ಫೋನ್ ಮಾಡೋದು ನಿಲ್ಲಿಸ್ತೀರ ಅಂತ."

ಗಗನಾ ಪರದೆಯತ್ತ ತಿರುಗಿದಳು. ಧ್ವನಿಯನ್ನು ಇಪ್ಪತ್ತು ಫ್ರೇಮ್ ಮುಂದಕ್ಕೆ ತಂದು ಕೊನೆಯ ದೃಶ್ಯ ಓಡಿಸಿದಳು. ಎಲ್ಲೋ ಬಾಗಿಲು ಕಿರ್ರೆಂದಿತು. ಮರುಕ್ಷಣ ಹುಡುಗಿ ಅತ್ತ ತಿರುಗಿ ನಕ್ಕಳು.

"ಧ್ವನಿಯವನು ಕೋಣೆ ಬಿಟ್ಟು ಬಂದಿದಾನೆ," ಎಂದ ಸುಧನ್ವ ಮೆಲ್ಲಗೆ. "ನೀವೇ ಗೆದ್ರಿ."

"ಕೆಲಸ ಮುಗೀತು." ಅವಳು ಬ್ಯಾಗು ಎತ್ತಿಕೊಂಡಳು.

"ಇನ್ಮೇಲೆ ಫೋನ್ ಮಾಡ್ಬಹುದಾ?"

"ಬೇಡ."

ಅವನ ಮುಖ ಇಳಿದುಹೋಯಿತು. ಹುಬ್ಬು, ಕೆನ್ನೆ, ಆಮೇಲೆ ತುಟಿ: ಒಂದೊಂದಾಗಿ. ಮೂರು ತಿಂಗಳು ಇದೊಂದೂ ತನಗೆ ಸಿಕ್ಕಿರಲಿಲ್ಲವಲ್ಲ ಎಂದು ಗಗನಾಳಿಗೆ ಸಿಟ್ಟಿನ ನಡುವೆಯೂ ಹೊಟ್ಟೆಯುರಿಯಿತು.

"ಫೋನಲ್ಲಿ ನೀವು ಆರಾಮಾಗಿ ಸುಳ್ಳು ಹೇಳ್ತೀರ," ಎಂದಳು. "ಶನಿವಾರ ಮೆಲ್ಬರ್ನಿಗೆ ಬನ್ನಿ, ವಿಂಡಮ್ ವೇಲ್‌ನ ನಮ್ಮನೆಗೆ. ಏನು ಹೇಳ್ಬೇಕೋ ಎದುರಿಗೆ ಕೂತು ಹೇಳಿ. ನಾನು ನೋಡ್ತಾ ಕೇಳ್ತೀನಿ."