ಅರ್ಧ ಗೇಣು

ಮಂಗಳವಾರ ಬೆಳಿಗ್ಗೆ 9.20ಕ್ಕೆ ಡಂಪರ್ ಚಾಲಕನ ಹೆಂಡತಿ ಠಾಣೆಗೆ ಬಂದಳು. ಜೊತೆಯಲ್ಲಿ ಅವಳ ಅಣ್ಣ, ಅದೇ ಗಣಿಯ ಸರ್ವೇಯರ್. ಹಿಂದಿನ ದಿನ ಮಧ್ಯಾಹ್ನ 2.40ಕ್ಕೆ ತೆರೆದ ಕಲ್ಲಿದ್ದಲು ಗಣಿಯ ಪೂರ್ವದ ಗೋಡೆ ಕುಸಿದು, ತಳದಲ್ಲಿ ಲೋಡು ತುಂಬಿಸಿಕೊಳ್ಳುತ್ತಿದ್ದ ಅವಳ ಗಂಡ ಡಂಪರ್ ಸಮೇತ ಹೂತುಹೋಗಿದ್ದ.

"ಅವರದೇ ತಪ್ಪು ಅಂತ ಕಂಪನಿ ಬರೆದುಕೊಟ್ಟಿದೆ ಸಾರ್. ಹೇಳಿದ್ದು ಕೇಳದೆ ಗೋಡೆ ಬುಡದಲ್ಲಿ ಗಾಡಿ ನಿಲ್ಲಿಸಿದ್ರಂತೆ. ಆ ಒಂದು ಮಾತು ಅಳಿಸಿಕೊಡಿ. ಬೇರೇನೂ ಬೇಡ."

ಅಣ್ಣ ತಲೆ ತಗ್ಗಿಸಿಕೊಂಡೇ ನೀರಿನ ಲೋಟವನ್ನು ಅವಳ ಕೈಗಿಟ್ಟ.

ಎಫ್‌ಐಆರ್‌ನಲ್ಲಿ ಆರೋಪಿಯ ಕಾಲಮ್ಮಿಗೆ ಬಂದಾಗ ಹೆಡ್ ಕಾನ್‌ಸ್ಟೇಬಲ್‌ನ ಪೆನ್ನು ನಿಂತಿತು. ಗಣಿ ಮಾರಾಟವಾಗುತ್ತಿತ್ತು. ಹಳೆಯ ಮಾಲೀಕರಿಗೆ ಫೋನ್ ಮಾಡಿದರೆ ‘ಹೊಸಬರನ್ನು ಕೇಳಿ’ ಎಂದರು. ಹೊಸಬರು ‘ಶುಕ್ರವಾರ ಸಹಿ ಆದ ಮೇಲಷ್ಟೇ ನಮ್ಮದು’ ಎಂದರು.

"ಗಂಡಿನ ಕಡೆಯೋರೂ ಇಲ್ಲ, ಹೆಣ್ಣಿನ ಕಡೆಯೋರೂ ಇಲ್ಲ, ಮದುವೆ ಮಾತ್ರ ನಡೀತಿದೆ ಸಾರ್," ಎಂದ ಹೆಡ್ ಕಾನ್‌ಸ್ಟೇಬಲ್.

"ಸದ್ಯಕ್ಕೆ ‘ಗೊತ್ತಿಲ್ಲ’ ಅಂತ ಬರಿ," ಎಂದರು ಇನ್‌ಸ್ಪೆಕ್ಟರ್.

11.15ಕ್ಕೆ ಗಣಿಯ ಅಂಚಿನಲ್ಲಿ ಮ್ಯಾನೇಜರ್ ಪುಸ್ತಕ ಹಿಡಿದು ಕಾಯುತ್ತಿದ್ದ. ಗೋಡೆಯ ನೆತ್ತಿಯಲ್ಲಿ ಬಿರುಕು ಬಿಟ್ಟು ತಿಂಗಳಾಗಿತ್ತು. ಬಿರುಕಿನ ಆಚೆಗೊಂದು, ಈಚೆಗೊಂದು ಗೂಟ. ದಿನಾ ಬೆಳಿಗ್ಗೆ ಆರಕ್ಕೆ ಸರ್ವೇಯರ್ ಅವುಗಳ ನಡುವಿನ ಅಂತರ ಅಳೆದು ಬರೆಯಬೇಕು. ಎರಡು ಮೀಟರ್ ದಾಟಿದರೆ ಯಾರೂ ಕೆಳಗಿಳಿಯುವಂತಿಲ್ಲ. ಸೋಮವಾರದ ಅಳತೆ 1.98.

"ದಾಖಲೆ ಸರಿ ಇದೆ," ಎಂದ ಮ್ಯಾನೇಜರ್ ಮೂಗಿನಲ್ಲೇ.

"ದಾಖಲೆ ಸರಿ ಇದೆ, ಬಿದ್ದ ಗೋಡೆದೇ ತಪ್ಪು," ಹೆಡ್ ಕಾನ್‌ಸ್ಟೇಬಲ್ ಅದೇ ಮೂಗಿನ ದನಿ ತೆಗೆದು ಪಕ್ಕದವನಿಗೆ ಪಿಸುಗುಟ್ಟಿದ. ಮ್ಯಾನೇಜರ್‌ಗೆ ಕೇಳಿಸಿತು. ಎಲ್ಲರಿಗಿಂತ ಜೋರಾಗಿ ಅವನೇ ನಕ್ಕ. ಮೂವತ್ತಾಳು ಆಳದ ತಳದಲ್ಲಿ ಜನ ಶವಕ್ಕಾಗಿ ಇನ್ನೂ ಮಣ್ಣು ಬಗೆಯುತ್ತಿದ್ದರು.

ಇನ್‌ಸ್ಪೆಕ್ಟರ್ ನಗಲಿಲ್ಲ. ಕುಕ್ಕರಗಾಲಲ್ಲಿ ಕೂತು ಉಳಿದಿದ್ದ ಈಚೆಯ ಗೂಟ ನೋಡುತ್ತಿದ್ದರು. ಹೊಸ ಮರ. ತಲೆಯ ನಟ್ಟನಡುವೆ ಒಂದು ಸಣ್ಣ ಮೊಳೆ. ಅದರ ಹಿಂದೆ ಅರ್ಧ ಗೇಣು ದೂರದಲ್ಲಿ ಹಿಮ್ಮಡಿಯಿಂದ ತುಳಿದು ಮುಚ್ಚಿದ ಗುಳಿ. ಕೆದಕಿದರೆ ಹಳೆಯ ಗೂಟದ ಮುರಿದ ತುದಿ.

"ಈ ಮೊಳೆ ಯಾಕೆ?"

"ಟೇಪಿನ ಕೊಕ್ಕೆ ಸಿಕ್ಕಿಸೋಕೆ. ಸರ್ವೇಯರ್ ಬಿಟ್ಟು ಇನ್ಯಾರೂ ಹೊಡೆಯಲ್ಲ."

"ಶುಕ್ರವಾರದ ತನಕ ಗಣಿ ನಿಲ್ಲಬಾರದು ಅಂತ ಅವನಿಗೆ ಹೇಳಿದ್ರಾ?"

"ಎಲ್ಲರಿಗೂ ಹೇಳಿದ್ದೆ. ಗೂಟ ಕೀಳು ಅಂತ ಯಾರಿಗೂ ಹೇಳಿಲ್ಲ."

12.40ಕ್ಕೆ ಇಬ್ಬರು ಪಂಚರ ಸಮ್ಮುಖದಲ್ಲಿ ಪಂಚನಾಮೆ ಮುಗಿಯಿತು. ಗೂಟ, ಮುರಿದ ತುದಿ, ಪುಸ್ತಕ ಜಪ್ತಿಯಾದವು. ಸಂಜೆ ಶವ ಸಿಕ್ಕಿತು.

ಬುಧವಾರ 4.10ಕ್ಕೆ ಸರ್ವೇಯರ್‌ನನ್ನು ಕರೆಸಿ, ಮುರಿದ ತುದಿಯನ್ನು ಮೇಜಿನ ಮೇಲಿಟ್ಟರು.

"ಇದನ್ನ ಕೀಳೋ ಮುಂಚೆ ಅಳತೆ ಎಷ್ಟು ಬಂದಿತ್ತು?"

ಅವನು ಅದಕ್ಕೆ ಅಂಟಿದ್ದ ಮಣ್ಣನ್ನು ಬೆರಳಿನಿಂದ ಒರೆಸಿದ. "ಭಾನುವಾರ ಬೆಳಿಗ್ಗೆ, ಎರಡು ಮೀಟರ್ ಮೇಲೆ ಆರು ಸೆಂಟಿಮೀಟರ್."

"ಪುಸ್ತಕದಲ್ಲಿ ಸುಳ್ಳು ಬರೆದಿದ್ರೆ ನಮಗೆ ಗೊತ್ತೇ ಆಗ್ತಿರಲಿಲ್ಲ."

"ಹತ್ತೊಂಬತ್ತು ವರ್ಷ ಸಾರ್, ಒಂದು ಅಂಕಿ ಸುಳ್ಳು ಬರೆದಿಲ್ಲ. ಕೈ ಬರಲಿಲ್ಲ. ಗೂಟ ಬಿರುಕಿನ ಹತ್ತಿರಕ್ಕೆ ಸರಿಸಿದೆ. ಆಮೇಲೆ ಅಳೆದು ಬರೆದಿದ್ದೆಲ್ಲ ನಿಜಾನೇ. ಶುಕ್ರವಾರದ ತನಕ ಗೋಡೆ ತಡೆಯುತ್ತೆ ಅಂದ್ಕೊಂಡೆ."

5.05ಕ್ಕೆ ಬಂಧನ ದಾಖಲಾಯಿತು. ಜಗಲಿಯಲ್ಲಿ ಕಾಯುತ್ತಿದ್ದ ತಂಗಿಗೆ ಇನ್‌ಸ್ಪೆಕ್ಟರ್ ಎದ್ದುನಿಂತೇ ಓದಿ ಹೇಳಿದರು: "ಚಾಲಕನ ತಪ್ಪು ಇರುವುದಿಲ್ಲ."

ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು. "ಮತ್ತೆ ಯಾರದು?"

ಇಬ್ಬರು ಕಾನ್‌ಸ್ಟೇಬಲ್‌ಗಳ ನಡುವಿನಿಂದ ಅಣ್ಣ ಹೇಳಿದ. "ನಂದು ಕಣೇ."

ಗಣಿ ನಿಂತರೆ ಗುತ್ತಿಗೆಯ ಚಾಲಕರು ಮೊದಲು ಮನೆಗೆ. ಸಹಿಯ ದಿನ ಕೆಲಸದಲ್ಲಿದ್ದವರನ್ನಷ್ಟೇ ಹೊಸ ಮಾಲೀಕರು ಉಳಿಸಿಕೊಳ್ಳುವವರಿದ್ದರು. ಆ ಪಟ್ಟಿಗೆ ಒಂದು ಹೆಸರು ಸೇರಿಸಲು ಸರ್ವೇಯರ್ ಮೂರು ತಿಂಗಳು ಕಂಡವರ ಕೈಕಾಲು ಹಿಡಿದಿದ್ದ.

ಇನ್‌ಸ್ಪೆಕ್ಟರ್ ಒಳಗೆ ಬಂದು ಅಪರಾಧದ ಉದ್ದೇಶದ ಕಾಲಮ್ಮಿನಲ್ಲಿ ಬರೆದರು: ತಂಗಿಯ ಗಂಡನ ಕೆಲಸ ಕಾಯಂ ಮಾಡಿಸುವುದು.