ಎಡಗೈ ಗಂಟು

ಬುಧವಾರ ಬೆಳಿಗ್ಗೆ 9.10. ಇಚಲಕರಂಜಿ ಠಾಣೆಗೆ ಬಂದ ದೂರು ಉಗುರಿನಷ್ಟು ವಸ್ತುವಿನದು, ಒಂದು ಮೆಮೊರಿ ಕಾರ್ಡು. ಆದರೆ ಪಂಚಗಂಗೆ ಹರಿಯಲು ಶುರುವಾದಾಗಿನಿಂದ ಇಂಥ ತನಿಖೆ ಈ ಸೀಮೆಯಲ್ಲಿ ನಡೆದಿಲ್ಲ. ನಡೆದಿದ್ದರೆ ನನಗೆ ಗೊತ್ತಾಗದೆ ಇರುತ್ತಿರಲಿಲ್ಲ.

ದೂರುದಾರಳು ಕೊಲ್ಹಾಪುರದ ಛಾಯಾ. ಸಿಸಿಟಿವಿ ಕಣ್ಣಿನ ಕೆಳಗೆ ಮಗ್ಗದವರು ಹೇಗೆ ಬದುಕುತ್ತಾರೆಂದು ಸಾಕ್ಷ್ಯಚಿತ್ರ ಮಾಡುತ್ತಿದ್ದಳು. ಮಂಗಳವಾರ ಮಧ್ಯಾಹ್ನ ಕೇತನ ಶೇಠರ ಮಗ್ಗದ ಶೆಡ್ಡಿನಲ್ಲಿ ಕ್ಯಾಮೆರಾ ಚೀಲವಿಟ್ಟು ಚಹಾಕ್ಕೆ ಹೋಗಿದ್ದಳು. ಮನೆಗೆ ಹೋಗಿ ನೋಡಿದರೆ ಕಾರ್ಡಿಲ್ಲ. ಚೀಲದ ಬಾಯಿಯ ದಾರವನ್ನು ಯಾರೋ ಕತ್ತರಿಸಿ, ಮತ್ತೆ ಗಂಟು ಹಾಕಿದ್ದರು. 9.40ಕ್ಕೆ ಎಫ್‌ಐಆರ್ ದಾಖಲಾಯಿತು.

10.30ಕ್ಕೆ ಇನ್ಸ್‌ಪೆಕ್ಟರ್ ಮಲ್ಲಾರಿ ಮತ್ತು ಪೇದೆ ಬಾಹುಬಲಿ ಛಾಯಾಳನ್ನು ಕರೆದುಕೊಂಡು ಶೆಡ್ಡಿಗೆ ಬಂದರು. ಅಲ್ಲಿಯ ಮಗ್ಗಗಳ ಸದ್ದಿಗೆ ದೂರದ ಗಡಹಿಂಗ್ಲಜದಲ್ಲಿ ಮಲಗಿದ ಕೂಸು ಎದ್ದು ಅಳುತ್ತದೆ.

"ಹದಿನಾರು ಕ್ಯಾಮೆರಾ ಅದಾವ್ರಿ ಸಾಹೇಬ್ರ," ಎಂದ ಕೇತನ. "ಇರಿವಿ ಸೀನಿದ್ರೂ ಕಾಣತೈತಿ."

ಪರದೆಯ ಮೇಲೆ ಹದಿನಾರು ಬಿಳಿ ಮೋಡಗಳು ಕಂಡವು. ಮಗ್ಗದಿಂದ ಹಾರಿದ ಹತ್ತಿ, ಒಂದು ಗಾದಿಗೆ ಸಾಕಾಗುವಷ್ಟು, ಗಾಜುಗಳ ಮೇಲೆ ಕೂತಿತ್ತು.

"ಯಾವಾಗ ಒರೆಸೀರಿ?" ಎಂದರು ಮಲ್ಲಾರಿ.

"ಒರೆಸೂದೂ ಇರತೈತೇನ್ರಿ?"

ಅವಮಾನವಾಗಿ ಕೇತನ ಏಣಿ ತರಿಸಿದ.

ಬಾಹುಬಲಿ ಪೇದೆಯಾಗುವ ಮುಂಚೆ ಮೂರು ವರ್ಷ ಮಗ್ಗ ನಡೆಸಿದವನು. ಚೀಲದ ದಾರ ನೋಡಿ ನಕ್ಕ.

"ಕಳವು ಮಾಡಿ ದಾರ ಯಾರ್ರೀ ಜೋಡಸ್ತಾರ? ನಮ್ಮಂಥಾವ್ರ. ಹರದದ್ದು ಕಂಡ್ರ ಕೈ ಸುಮ್ಮನಿರಂಗಿಲ್ಲ. ಇದು ಮಗ್ಗದವ್ರ ಗಂಟು. ಅದೂ ಎಡಗೈಲೆ ಹಾಕಿದ್ದು."

11.15ಕ್ಕೆ ಇಬ್ಬರು ಪಂಚ ಸಾಕ್ಷಿಗಳೆದುರು ಹನ್ನೊಂದು ಕೆಲಸಗಾರರ ಕೈಗೂ ಹರಿದ ನೂಲು ಕೊಟ್ಟರು. ಹತ್ತು ಮಂದಿ ಬಲಗೈಯಲ್ಲಿ ಗಂಟು ಹಾಕಿದರು. ಕೊನೆಗೆ ಕಂಡಿಕೆಗೆ ನೂಲು ಸುತ್ತುವ ಹೌಸಾಬಾಯಿ. ಬಲಗೈಯಲ್ಲಿ ಹಾಕಲು ನೋಡಿದಳು, ನೂಲು ಜಾರಿತು. ಯಾರೋ ಕಿಸಕ್ಕೆಂದರು. ನಾಚಿಕೆಗೆ ಎಡಗೈ ತಾನೇ ಮುಂದೆ ಬಂದು ಗಂಟು ಮುಗಿಸಿತು. ಮಿಂಚಿಗೂ ಅಷ್ಟು ವೇಗವಿಲ್ಲ.

ಮಲ್ಲಾರಿ ಅವಳನ್ನು ಹೊರಗೆ ಕರೆದರು. "ಎಲ್ಲೈತಿ ಕಾರ್ಡು?"

ಅವಳು ಒಂದು ಕಂಡಿಕೆ ಕೊಟ್ಟಳು. ನೂಲು ಬಿಚ್ಚಿದರೆ ಒಳಗೆ ಕಾರ್ಡು.

"ಯಾಕ ತಗೊಂಡಿ?"

"ನಮ್ಮ ಮನಿಯವ್ರು, ಯಲಗೂರಪ್ಪ, ಅವ್ರಿಗೆ ಫಿಟ್ಸ್ ಬರತಾವ್ರಿ. ಬಿದ್ದಾಗ ಅವರ ನಾಕೂ ಮಗ್ಗ ನಾನ ನಡಸ್ತೇನಿ. ಶೇಠರ ಕ್ಯಾಮೆರಾಕ್ಕ ಕಾಣಸೂದಿಲ್ಲ. ಈ ಅಕ್ಕಾರ ಕ್ಯಾಮೆರಾ ಸ್ವಚ್ಛ ಇತ್ತು, ನಿನ್ನೆ ಅವ್ರು ಬಿದ್ದದ್ದು ಅದರಾಗ ಬಂತು. ನಾಳೆ ಶೇಠರಿಗೆ ತೋರಸ್ತೇನಂದ್ರು. ನೋಡಿದ್ರ ಅವ್ರನ್ನ ಕೆಲಸದಾಗ ಇಟ್ಕೋತಾರೇನ್ರಿ?"

ಹಿಂದೆಯೇ ಬಂದಿದ್ದ ಛಾಯಾ ಮುಂದೆ ಬಂದಳು. "ನನಗ ಹೇಳಿದ್ರ ಅದಷ್ಟು ತೆಗೀತಿದ್ದೆ."

"ನೀವು ಕೇಳಲೇ ಇಲ್ಲಲ್ರಿ."

12.20ಕ್ಕೆ ಮಹಿಳಾ ಪೇದೆ ಬಂದ ಮೇಲೆ ಬಂಧನ. ಕಾರ್ಡನ್ನು ಬಟ್ಟೆಯಲ್ಲಿ ಸುತ್ತಿ, ಅರಗಿನ ಮುದ್ರೆ ಒತ್ತಿ, ಪಂಚನಾಮೆ ಬರೆದರು.

"ಇದನ್ನ ಶೇಠರು ನೋಡಾಕ ಬರಂಗಿಲ್ಲಲ್ರೀ?" ಹೌಸಾಬಾಯಿ ಕೇಳಿದಳು.

"ಕೋರ್ಟ್ ಬಿಚ್ಚೂತನಕ ಯಾರೂ ನೋಡಂಗಿಲ್ಲ," ಎಂದರು ಮಲ್ಲಾರಿ.

ಅವಳು ನಿರಾಳವಾಗಿ ಜೀಪು ಹತ್ತಿದಳು.

ಒಳಗೆ ಕೇತನ ಏಣಿಯ ಮೇಲೆ ನಿಂತು ಒಂಬತ್ತನೆಯ ಕ್ಯಾಮೆರಾ ಒರೆಸುತ್ತಿದ್ದ. ಅದರ ಕೆಳಗೆ ನಾಲ್ಕು ಮಗ್ಗಗಳ ನಡುವೆ ಯಲಗೂರಪ್ಪ ಒಬ್ಬನೇ ನಿಂತಿದ್ದ.