ಎಲ್ವೆದಾಲಿನ ಅಳಿಯಂದಿರು

ತಾಹೆರಾ ನಕ್ಕಿದ್ದೇ ತಪ್ಪಾಯಿತು ನೋಡಿ. ಹೆಬ್ಬಾಳದ ಕಾಲೇಜಿನಲ್ಲಿ ಹಾಲು ಪರೀಕ್ಷೆ ಮಾಡುವ ಹುಡುಗಿ, ಸಭೆಯಲ್ಲಿ ತೆಪ್ಪಗೆ ಕೂತಿರಬಾರದೆ? ನಾರ್ವೆಯಲ್ಲಿ ಒಂದು ವರ್ಷ ಹೈನುಗಾರಿಕೆ ಕಲಿತು, ೧೯೭೯ರಲ್ಲಿ ವಾಪಸು ಬಂದಿದ್ದ ತ್ರಿವಿಕ್ರಮ ಅಂದು ಗೋಡೆಯ ಮೇಲೆ ಸ್ಲೈಡು ತೋರಿಸುತ್ತಿದ್ದ. ಅದೂ ತಲೆಕೆಳಗಾಗಿ!

"ಸಾರ್, ಅಲ್ಲಿ ಹೊಳೆ ಮೇಲೆ, ಆಕಾಶ ಕೆಳಗಾ?" ಎಂದು ತಾಹೆರಾ ಕಿಸಕ್ಕನೆ ನಕ್ಕಳು.

ಎಲ್ಲರೂ ಗೊಳ್ಳೆಂದರು. ಅವನ ಕಿವಿ ಕೆಂಪಾಯಿತು. ಯಾರಪ್ಪಾ ಇವಳು ಎಂದು ನೋಡಿದವನು ಸ್ಲೈಡು ತಿರುಗಿಸುವುದನ್ನೇ ಮರೆತ.

ಆಮೇಲೆ ಊಟದ ಬಿಡುವಿನಲ್ಲಿ ಕೆರೆ ಏರಿಯ ಮೇಲೆ ಅವಳಿಗೆ ದಿನಾ ಎಲ್ವೆದಾಲ್ ಪುರಾಣ. ಅದು ನಾರ್ವೆಯಲ್ಲಿ ಅವನಿದ್ದ ಹಳ್ಳಿ. ನಡುವೆ ಹೊಳೆ, ಎರಡೂ ಕಡೆ ಬೆಟ್ಟ. ಚಳಿಗಾಲದಲ್ಲಿ ಸೂರ್ಯ ಬೆಟ್ಟದಾಚೆಯಿಂದ ಇಣುಕುವುದೇ ಇಲ್ಲವಂತೆ. ಹಿಂದೊಮ್ಮೆ ಪ್ಲೇಗು ಬಂದು ಕಣಿವೆಯೆಲ್ಲ ಬರಿದಾಗಿ, ಹೊಲಗಳಲ್ಲಿ ಕಾಡು ಬೆಳೆದಿತ್ತಂತೆ. ಎಷ್ಟೋ ಕಾಲದ ಮೇಲೆ ಬಂದವರು ಆ ಪಾಳು ಹೊಲಗಳ ಹಳೇ ಹೆಸರನ್ನೇ ತಮ್ಮದಾಗಿಸಿಕೊಂಡರಂತೆ.

"ಅಲ್ಲಿ ಮನೆತನ ಅಂದ್ರೆ ಹೊಲ ಕಣೇ. ಹೆಂಡ್ತಿ ಹೊಲಕ್ಕೆ ಬಂದು ಸೇರ್ಕೊಂಡ ಗಂಡ ತನ್ನ ಹೆಸರು ಬಿಟ್ಟು ಅವಳ ಹೊಲದ ಹೆಸರು ಇಟ್ಕೋತಿದ್ದ. ಅವಮಾನ ಗಿವಮಾನ ಏನಿಲ್ಲ. ಎಷ್ಟು ಚೆಂದ ಅಲ್ವಾ?"

"ನಮಗೆ ಹೊಲ ಇಲ್ಲಪ್ಪ. ಆರ್.ಟಿ. ನಗರದಲ್ಲಿ ಅಬ್ಬಾದು ಒಂದು ಮರದ ಡಿಪೋ ಇದೆ."

"ಸರಿ ಬಿಡು, ತ್ರಿವಿಕ್ರಮ ಡಿಪೋ ಅಂತ ಇಟ್ಕೋತೀನಿ."

ಹೇಳುವಾಗ ಅವನ ಕಣ್ಣು ಅವಳ ದುಪಟ್ಟಾದ ಅಂಚಿನ ಮೇಲಿತ್ತು, ಆಮೇಲೆ ಮೆಲ್ಲಗೆ ಮುಖಕ್ಕೆ ಬಂತು. ತಾಹೆರಾ ಕೆರೆಯ ಕಡೆ ತಿರುಗಿಬಿಟ್ಟಳು. ಹುಚ್ಚು ಹುಡುಗಿ, ನಂಬಿದಳು.

ಅಷ್ಟರಲ್ಲಿ ಮಜೀದ್ ಎಂಬ ಹುಡುಗನ ಸಂಬಂಧ ಬಂತು. ತಾಹೆರಾ ಎದೆ ಗಟ್ಟಿಮಾಡಿಕೊಂಡು ಅಪ್ಪನಿಗೆ ಎಲ್ಲ ಹೇಳಿದಳು. ಅಕ್ಬರ್ ಪಾಷಾ ಮಾತು ಬಿಟ್ಟರು, ಊಟ ಬಿಟ್ಟರು. ಕೊನೆಗೆ, "ಭಾನುವಾರ ಬಂದು ನನ್ನೆದುರು ಕೂತು ಕೇಳಲಿ. ಬರದಿದ್ರೆ ಮಜೀದ್ ಮನೆಯವರಿಗೆ ಮಾತು ಕೊಡ್ತೀನಿ," ಎಂದರು.

ಅವಳು ಏರಿಗೆ ಓಡಿಬಂದು ಹೇಳಿದಾಗ ತ್ರಿವಿಕ್ರಮ ಕಡಲೆಕಾಯಿ ಬಿಡಿಸುತ್ತಿದ್ದ. ಬಿಡಿಸುತ್ತಲೇ ಇದ್ದ.

"ಹೆಸರು ಬದಲಾಯಿಸ್ಕೋ ಅಂದ್ರೆ ನಿಮ್ಮಪ್ಪ?"

"ಎಲ್ವೆದಾಲಲ್ಲಿ ಬದಲಾಯಿಸ್ಕೋತಿದ್ರು ಅಂತ ನೀನೇ ಹೇಳಿದ್ಯಲ್ಲ."

"ಅದು ನಾರ್ವೆ, ತಾಹೆರಾ. ಇಲ್ಲಿ ಯಶವಂತಪುರದಲ್ಲಿ ನಮ್ಮಮ್ಮ ಇದಾರೆ, ನೆಂಟರಿಷ್ಟರಿದಾರೆ. ಅದರ ಬದಲು ನೀನೇ ಬಂದ್ಬಿಡು. ತಾರಾ ಅಂತ ಹೆಸರಿಟ್ರೆ ಯಾರಿಗೂ ಗೊತ್ತಾಗಲ್ಲ."

ಅವಳಿಗೆ ಮೈಯೆಲ್ಲ ಉರಿದುಹೋಯಿತು.

"ಭೇಷ್ ಕಣ್ರೀ! ಹೇಳೋದು ಪುರಾಣ, ತಿನ್ನೋದು ಬದನೇಕಾಯಿ. ಅಷ್ಟು ದೂರದ ಊರಿನ ಅಳಿಯಂದಿರ ಕಥೆ ಹೇಳ್ತೀರಿ, ಇಲ್ಲಿಂದ ಆರ್.ಟಿ. ನಗರಕ್ಕೆ ಬರೋಕೆ ಕಾಲು ನಡುಗುತ್ತಾ?"

'ನೀನು' ಹೋಗಿ 'ನೀವು' ಬಂದದ್ದು ಅವನಿಗೆ ತಿಳಿಯಿತು. ಆದರೂ ಅವಳು ಹೊರಟಾಗ ಎದ್ದು ಬರಲಿಲ್ಲ.

ಮನೆಯಲ್ಲಿ ಅಕ್ಬರ್ ಪಾಷಾ ಡಿಪೋದ ಮರದಲ್ಲಿ ಮಾಡಿಸಿದ ಹೊಸ ಕುರ್ಚಿಗೆ ಪಾಲಿಶ್ ಹಚ್ಚುತ್ತಿದ್ದರು.

"ಎಷ್ಟೊತ್ತಿಗೆ ಬರ್ತಾನಂತೆ?"

"ಬರಲ್ಲ ಅಬ್ಬಾ. ಮಜೀದ್ ಮನೆಗೆ ಹೇಳಿ ಕಳಿಸಿ."

ಅವರು ಬ್ರಷ್ ಕೆಳಗಿಟ್ಟರು. ಗೆದ್ದ ಮುಖವಲ್ಲ ಅದು.

"ಅಯ್ಯೋ ಬೇಟಿ... ಹೆಸರು, ಧರ್ಮ-ಮಜಹಬ್ ಏನೂ ಕೇಳಬಾರದು ಅಂತಿದ್ದೆ. ನನ್ನ ಮಗಳನ್ನ ಚೆನ್ನಾಗಿ ನೋಡ್ಕೋತೀಯಾ ಅಂತ ಒಂದೇ ಮಾತು ಕೇಳೋನಿದ್ದೆ."

ದಾರಿಯುದ್ದಕ್ಕೂ ಒಂದು ಹನಿ ಕಣ್ಣೀರು ಹಾಕದಿದ್ದ ತಾಹೆರಾ ಆ ಹಸಿ ಕುರ್ಚಿಯ ಮೇಲೆಯೇ ಕುಸಿದು ಕೂತು, ಅಪ್ಪನ ಎದುರೇ ಗೊಳೋ ಎಂದು ಅತ್ತಳು.